ಮೂರಕ್ಕೂ ಆರಕ್ಕೂ ನಡುವೆ

ಆಸ್ಪತ್ರೆಯಲ್ಲಿ ಅವಳ ನಿಜವಾದ ಹೆಸರು ಹಾಜರಿ ಪುಸ್ತಕದಲ್ಲಿ ಮಾತ್ರ ಇತ್ತು. ಎಲ್ಲರ ಬಾಯಲ್ಲೂ ಅವಳು ತಂಪಕ್ಕ. ಔಷಧಿ ಸ್ಟೋರಿನ ಹಿಂಭಾಗದ ಕೋಲ್ಡ್ ರೂಮನ್ನು ಇಪ್ಪತ್ತೆರಡು ವರ್ಷದಿಂದ ನೋಡಿಕೊಂಡು ಬಂದವಳು. ಬಾಗಿಲು ತೆಗೆದು ಅಂಗೈ ಒಳಗೆ ಚಾಚಿದರೆ ಸಾಕು, "ಆರು ಡಿಗ್ರಿ ಇದೆ" ಎಂದುಬಿಡುತ್ತಿದ್ದಳು. ಥರ್ಮಾಮೀಟರ್ ನೋಡಿದರೆ ಆರೇ ಇರುತ್ತಿತ್ತು, ತಪ್ಪಿದರೆ ಆರೂವರೆ. ಆ ಕೈಯನ್ನು ನಂಬಿ ಆಸ್ಪತ್ರೆಯವರು ನೆಮ್ಮದಿಯಾಗಿದ್ದರು.

ಆ ಕೋಣೆಯನ್ನು ತಣ್ಣಗಿಡುವ ಹಳೇ ಮಷೀನ್ ಕಳೆದ ವಾರ ಕೈಕೊಟ್ಟಿತು. ಅದರ ಜಾಗಕ್ಕೆ ಬೇರೊಂದು ಆಸ್ಪತ್ರೆಯಲ್ಲಿ ದುಡಿದು ಬಂದ ಮಷೀನನ್ನು ತಂದು ಕೂರಿಸಿದರು. ಹಳೆಯದರ ಗುಂಡಿಯ ಮೇಲೆ ಡಿಗ್ರಿಗಳೇ ಬರೆದಿದ್ದವು. ಐದಕ್ಕೆ ತಿರುಗಿಸಿದರೆ ಐದು ಡಿಗ್ರಿ, ಮುಗಿಯಿತು. ಹೊಸದರ ಗುಂಡಿಯಲ್ಲಿ ಸೊನ್ನೆಯಿಂದ ಹತ್ತರವರೆಗೆ ಬರೀ ಅಂಕಿಗಳು. ಪಕ್ಕದಲ್ಲಿ ಒಂದು ತಗಡಿನ ಪಟ್ಟಿ: "ಒಳಗಿನ ಡಿಗ್ರಿ = 14 − 2 × ಗುಂಡಿಯ ಅಂಕಿ."

"ಇದೇನಪ್ಪಾ, ಗುಂಡಿ ತಿರುಗಿಸೋಕೂ ಪರೀಕ್ಷೆ ಪಾಸಾಗಿ ಬರ್ಬೇಕಾ?" ಎಂದಳು ತಂಪಕ್ಕ.

ಮಷೀನ್ ಕೂರಿಸಿದವನು ನಕ್ಕು, "ಅಂಕಿ ಬದಲಾಯಿಸಿದ್ರೆ ಒಳಗಿನ ಚಳಿ ಒಂದು ಹದಕ್ಕೆ ಬಂದು ನಿಲ್ಲೋಕೆ ಮೂರು ಗಂಟೆ ಬೇಕು, ನೆನಪಿರ್ಲಿ," ಎಂದು ಹೇಳಿ ಹೊರಟುಹೋದ.

ಸ್ಟೋರಿನ ಮೇಲಧಿಕಾರಿಯನ್ನು ಎಲ್ಲರೂ ಬೆನ್ನ ಹಿಂದೆ ಸಹಿ ಸಾಹೇಬರು ಎನ್ನುತ್ತಿದ್ದರು. ಕೆಟ್ಟವರೇನಲ್ಲ. ಆದರೆ ಕಾಗದದ ಮೇಲೆ ಇಲ್ಲದ್ದು ಈ ಲೋಕದಲ್ಲೇ ಇಲ್ಲ ಎಂದು ನಂಬಿದವರು. ಅವರು ಅಪ್ಪಣೆ ಕೊಟ್ಟರು: "ನೋಡಿ ತಂಪಕ್ಕ, ನಿಮ್ಮ ಕೈ ನಿಮ್ಮ ಜೊತೆ ಮನೆಗೆ ಹೋಗತ್ತೆ. ಪಾಳಿ ಬದಲಾದಾಗ ಬರೋರಿಗೆ ಏನು ಗೊತ್ತು? ಒಳಗೆ ಎರಡರಿಂದ ಎಂಟು ಡಿಗ್ರಿ ಇರ್ಬೇಕು. ಅದಕ್ಕೆ ಗುಂಡಿ ಎಷ್ಟರಿಂದ ಎಷ್ಟರವರೆಗೆ ಇರಬಹುದು ಅಂತ ಒಂದು ಕಾರ್ಡಲ್ಲಿ ಬರೆದು ತನ್ನಿ. ನಾನು ಸಹಿ ಹಾಕ್ತೀನಿ. ಬಾಗಿಲಿಗೆ ಅಂಟಿಸೋಣ."

ತಂಪಕ್ಕ ಎಂಟನೇ ಕ್ಲಾಸಿಗೆ ಶಾಲೆ ಬಿಟ್ಟವಳು. ಆದರೆ ಮನೆಯಲ್ಲಿ ಸೊಸೆ ಇದ್ದಳಲ್ಲ.

ಸೊಸೆ ಬಂದು ಒಂದು ವರ್ಷವಾಗಿತ್ತು. ಗಣಿತದ ಟೀಚರ್ ಆಗಬೇಕೆಂದು ಪರೀಕ್ಷೆಗೆ ಕೂತು, ಎರಡು ಸಲ ನಾಲ್ಕೈದು ಅಂಕದಲ್ಲಿ ಜಾರಿದ್ದಳು. ಮೂರನೆಯ ಸಲದ ಪರೀಕ್ಷೆ ಈ ಭಾನುವಾರ. ಮಾತು ಕಡಿಮೆ, ಯಾರಾದರೂ ಜೋರಾಗಿ ಉಸಿರು ಬಿಟ್ಟರೂ ತನ್ನಿಂದಲೇ ಏನೋ ತಪ್ಪಾಯಿತು ಎಂದುಕೊಳ್ಳುವ ಹುಡುಗಿ. ಗಂಡ ತಮಾಷೆಗೆ "ಟೀಚರ್" ಎಂದು ಕರೆದರೆ ಅವಳ ಕಿವಿ ಕೆಂಪಾಗುತ್ತಿತ್ತು. ತಂಪಕ್ಕನಿಗೆ ಅದು ಗೊತ್ತಿತ್ತು. ಹಾಗಾಗಿಯೇ ಈ ಲೆಕ್ಕವನ್ನು ಅವಳ ಕೈಗೆ ಕೊಡಬೇಕೆಂದು ಹೊಳೆದದ್ದು. ಆಸ್ಪತ್ರೆಯ ಬಾಗಿಲ ಮೇಲೆ ತಾನು ಬರೆದ ಕಾರ್ಡ್ ಅಂಟಿದರೆ ಹುಡುಗಿಗೆ ಸ್ವಲ್ಪ ಬೆನ್ನು ನೆಟ್ಟಗಾದೀತು ಎಂಬ ಆಸೆ.

ಬೆಳಿಗ್ಗೆ ಅಡುಗೆಮನೆಯ ಮೇಜಿನ ಮೇಲೆ ತಟ್ಟೆ ಸರಿಸಿ ಸೊಸೆ ನೋಟ್‌ಬುಕ್ ಬಿಡಿಸಿದಳು. "ಗುಂಡಿಗೆ ಗು ಅಂತ ಇಟ್ಕೊಳ್ಳೋಣ ಅತ್ತೆ," ಎಂದು ಬರೆದಳು:

2 ≤ 14 − 2ಗು ≤ 8

"ಅಂದ್ರೆ?"

"ಒಳಗಿನ ಡಿಗ್ರಿ ಎರಡಕ್ಕಿಂತ ಇಳೀಬಾರದು, ಎಂಟಕ್ಕಿಂತ ಏರಬಾರದು. ಎರಡು ಷರತ್ತು ಒಂದೇ ಸಾಲಲ್ಲಿ." ಮೂರೂ ಕಡೆಯಿಂದ ಹದಿನಾಲ್ಕು ಕಳೆದಳು:

−12 ≤ −2ಗು ≤ −6

ಅಷ್ಟರಲ್ಲಿ ಒಲೆಯ ಮೇಲೆ ಹಾಲು ಉಕ್ಕಿತು. ಎದ್ದು ಆರಿಸಿ ಬಂದಳು. ಗಂಡ ಒಳಗಿನಿಂದ, "ನನ್ನ ಇನ್ನೊಂದು ಕಾಲುಚೀಲ ಎಲ್ಲೇ?" ಎಂದು ಕೂಗಿದ. ಅದಕ್ಕೂ ಉತ್ತರ ಕೊಟ್ಟಳು. ಮತ್ತೆ ಕೂತು ಮೈನಸ್ ಎರಡರಿಂದ ಭಾಗಿಸಿ ಬರೆದಳು:

6 ≤ ಗು ≤ 3

ಬರೆದು ಪೆನ್ನಿನ ತುದಿ ಕಚ್ಚಿದಳು. "ಆರು ಅಥವಾ ಆರಕ್ಕಿಂತ ಹೆಚ್ಚು... ಮೂರು ಅಥವಾ ಮೂರಕ್ಕಿಂತ ಕಡಿಮೆ... ಎರಡೂ ಒಟ್ಟಿಗೆ ಆಗಲ್ಲ. ಹಾಗಾದ್ರೆ ಇದು, ಇಲ್ಲ ಅದು ಅಂತ ಇರ್ಬೇಕು," ಎಂದು ತನಗೆ ತಾನೇ ಹೇಳಿಕೊಂಡು, ಮುತ್ತಿನಂಥ ಅಕ್ಷರದಲ್ಲಿ ಕಾರ್ಡ್ ಬರೆದಳು: "ಗುಂಡಿಯನ್ನು 6 ಅಥವಾ ಅದಕ್ಕಿಂತ ಮೇಲೆ, ಇಲ್ಲವೇ 3 ಅಥವಾ ಅದಕ್ಕಿಂತ ಕೆಳಗೆ ಇಡಬೇಕು. ನಡುವೆ ಇಡಬಾರದು."

ತಂಪಕ್ಕನ ಮನಸ್ಸಿಗೆ ಏನೋ ಚುಚ್ಚಿತು. ಒಲೆಯ ಉರಿ ಜಾಸ್ತಿಯಾದರೆ ಸೀಯುತ್ತದೆ, ಕಡಿಮೆಯಾದರೆ ಬೇಯುವುದಿಲ್ಲ, ನಡುವೆ ಎಲ್ಲೋ ಹದ ಇರುತ್ತದೆ. ಎರಡು ತುದಿಯೂ ಸರಿ, ನಡುವೆ ಮಾತ್ರ ಕೆಟ್ಟದ್ದು ಎನ್ನುವ ಯಂತ್ರವನ್ನು ಅವಳು ಜನ್ಮದಲ್ಲಿ ಕಂಡಿರಲಿಲ್ಲ. ಆದರೆ ಸೊಸೆಯ ಮುಖದಲ್ಲಿ ಅಪರೂಪಕ್ಕೆ ಒಂದು ಬೆಳಕು ಇತ್ತು. ಓದಿದವಳು, ತನಗೇನು ಗೊತ್ತು ಎಂದುಕೊಂಡು ಕಾರ್ಡನ್ನು ಕೋಟಿನ ಜೇಬಿಗೆ ಹಾಕಿಕೊಂಡಳು.

ಎಂಟೂವರೆಗೆ ಸ್ಟೋರಿನಲ್ಲಿ ಸಹಿ ಸಾಹೇಬರು ಕಾರ್ಡನ್ನು ಬೆಳಕಿಗೆ ಹಿಡಿದರು. "ಆಹಾ, ಅಕ್ಷರ ನೋಡಿ! ನಮ್ಮ ಡಾಕ್ಟರುಗಳಿಗೆ ತೋರಿಸ್ಬೇಕು ಇದನ್ನ," ಎಂದು ಕೆಳಗೆ ಠೀವಿಯಿಂದ ಸಹಿ ಎಳೆದರು. ತಾವೇ ಬಾಗಿಲಿಗೆ ಅಂಟಿಸಿದರು.

"ಸಾಹೇಬ್ರೇ, ನಾಲ್ಕೋ ಐದೋ ಇಟ್ಟು ನೋಡೋಣ್ವಾ?" ಎಂದಳು ತಂಪಕ್ಕ ಮೆಲ್ಲಗೆ.

"ನಡುವೆ ಇಡಬಾರದು ಅಂತ ನೀವೇ ಬರೆಸ್ಕೊಂಡು ಬಂದಿದೀರಲ್ರೀ! ಆರರ ಅಂಚಲ್ಲೂ ಬೇಡ, ಇನ್ನೂ ಸ್ವಲ್ಪ ಒಳಗೆ ಹೋಗೋಣ." ಅವರೇ ಗುಂಡಿಯನ್ನು ಎಂಟಕ್ಕೆ ತಿರುಗಿಸಿದರು. "ಹೂಂ, ಪೆಟ್ಟಿಗೆಗಳನ್ನ ಒಳಗೆ ಇಡ್ಸಿ."

ಪೆಟ್ಟಿಗೆಗಳು ಹೊರಗಿನ ಕೋಣೆಯಲ್ಲಿ ಸಾಲಾಗಿದ್ದವು. ಮರುದಿನದ ಶಿಬಿರಕ್ಕೆ ಬಂದ ಲಸಿಕೆ, ಆರುನೂರು ಎಳೆಮಕ್ಕಳಿಗೆ ಆಗುವಷ್ಟು. ಐಸ್ ಪ್ಯಾಕ್ ಇಟ್ಟ ದಪ್ಪ ಪೆಟ್ಟಿಗೆಗಳು. ಆ ಐಸ್ ಸಂಜೆ ನಾಲ್ಕರವರೆಗೆ ತಡೆಯುತ್ತಿತ್ತು, ಅದಕ್ಕಿಂತ ಹೆಚ್ಚಿಲ್ಲ. ಬಿಸಿ ತಾಗಿದರೂ ಆ ಲಸಿಕೆ ಕೆಡುತ್ತದೆ, ಹೆಪ್ಪುಗಟ್ಟಿದರೂ ಕೆಡುತ್ತದೆ. ಹೆಪ್ಪುಗಟ್ಟಿ ಕರಗಿದ ಸೀಸೆಯನ್ನು ಸುಮ್ಮನೆ ನೋಡಿ ಹೇಳುವುದು ಕಷ್ಟ. ನೀರಿನಂಥ ಮದ್ದನ್ನು ಮಗುವಿಗೆ ಚುಚ್ಚಿಸಿಕೊಂಡು, ತಾಯಿ ಇನ್ನು ಭಯವಿಲ್ಲ ಎಂದುಕೊಂಡು ಮನೆಗೆ ಹೋಗುತ್ತಾಳೆ.

"ಮೊದಲು ನೀರು ಒಳಗೆ ಹೋಗ್ಲಿ ಸಾಹೇಬ್ರೇ," ಎಂದಳು.

ಅದು ಅವಳ ಹಳೆಯ ಪದ್ಧತಿ. ರಿಪೇರಿಯಾಗಲಿ, ಹೊಸ ಮಷೀನಾಗಲಿ, ಒಳಗೆ ಮೊದಲು ಹೋಗುವುದು ನೀರು. ಅಗಲ ತಟ್ಟೆಯಲ್ಲಿ ಬೆರಳು ಮುಳುಗದಷ್ಟು ತೆಳುವಾಗಿ ನೀರು, ಒಂದು ಬಾಟಲಿ, ಪಕ್ಕದಲ್ಲಿ ಥರ್ಮಾಮೀಟರ್. ನೀರು ಕೆಟ್ಟರೆ ಯಾರ ಗಂಟೂ ಹೋಗುವುದಿಲ್ಲ.

"ಕಾರ್ಡಿಗೆ ಸಹಿ ಆಯ್ತಲ್ರೀ!"

"ಆಯ್ತು. ಆದ್ರೆ ಮಷೀನಿಗೆ ಓದೋಕೆ ಬರಲ್ವಲ್ಲ. ಅದಕ್ಕೆ ಮೂರು ಗಂಟೆ ಬೇಕಂತೆ, ಕೂರಿಸಿದವನೇ ಹೇಳಿದಾನೆ."

ಸಾಹೇಬರು ಗಡಿಯಾರ ನೋಡಿ, ಲೆಕ್ಕ ಹಾಕಿ, "ಸರಿ, ಹನ್ನೊಂದೂವರೆಗೆ," ಎಂದು ಒಪ್ಪಿದರು.

ಹನ್ನೊಂದೂವರೆಗೆ ತಂಪಕ್ಕ ಒಬ್ಬಳೇ ಬಾಗಿಲು ತೆಗೆದಳು. ಅಂಗೈ ಚಾಚಿದ ಕೂಡಲೇ ಗೊತ್ತಾಯಿತು. ಥರ್ಮಾಮೀಟರ್ ಸೊನ್ನೆಗಿಂತ ಕೆಳಗೆ ಎರಡರಲ್ಲಿ ನಿಂತಿತ್ತು. ತಟ್ಟೆಯ ನೀರಿನ ಮೇಲೆ ಗಾಜಿನಂಥ ಪೊರೆ. ಉಗುರಿನಿಂದ ತಟ್ಟಿದರೆ ಟಿಕ್ ಎಂದಿತು.

ಬಾಗಿಲ ಪಕ್ಕದ ಸ್ಟೂಲಿನ ಮೇಲೆ ಕೂತಳು. ಬೆಳಿಗ್ಗೆಯೇ ಪೆಟ್ಟಿಗೆ ಒಳಗೆ ಹೋಗಿದ್ದರೆ? ಅಷ್ಟೂ ಸೀಸೆ ಇಷ್ಟು ಹೊತ್ತಿಗೆ ಕಲ್ಲಾಗುವ ದಾರಿ ಹಿಡಿದಿರುತ್ತಿತ್ತು. ಹಾಗಾಗಲಿಲ್ಲ ಎಂದು ಒಂದು ಉಸಿರು ಬಿಟ್ಟಳು, ಮರುಕ್ಷಣವೇ ಇನ್ನೊಂದು ಚಿಂತೆ ಹತ್ತಿತು. ಅಂಕಿ ಬದಲಾಯಿಸಿದರೆ ಮತ್ತೆ ಮೂರು ಗಂಟೆ. ನಾಲ್ಕಕ್ಕೆ ಪೆಟ್ಟಿಗೆಯ ಐಸ್ ಮುಗಿಯುತ್ತದೆ. ಒಂದೇ ಒಂದು ಸಲ ತಿರುಗಿಸಲು ಸಮಯ ಇದೆ. ಈ ಸಲ ತಪ್ಪಿದರೆ ಶಿಬಿರ ಇಲ್ಲ.

ಅಂದಾಜಿಗೆ ನಾಲ್ಕಕ್ಕೆ ತಿರುಗಿಸಲು ಕೈ ತುರಿಸಿತು. ಆದರೆ ಬಾಗಿಲ ಮೇಲೆ ಸಹಿ ಮಾಡಿದ ಕಾರ್ಡ್ ಇತ್ತು. ಪಾಳಿ ಬದಲಾದ ಮೇಲೆ ಬರುವವರು ಅದನ್ನು ಓದಿ ಮತ್ತೆ ಎಂಟಕ್ಕೋ ಒಂದಕ್ಕೋ ತಿರುಗಿಸುತ್ತಾರೆ. ಕಾರ್ಡೇ ಸರಿಯಾಗಬೇಕು. ಅದನ್ನು ಬರೆದವಳೇ ಸರಿಮಾಡಿದರೆ ಇನ್ನೂ ಒಳ್ಳೆಯದು. ಬೇರೆಯವರು ತಿದ್ದಿದರೆ ಆ ಹುಡುಗಿ ಭಾನುವಾರ ಪರೀಕ್ಷೆಯ ಹೊಸ್ತಿಲನ್ನೂ ತುಳಿಯುವುದಿಲ್ಲ.

ಫೋನ್ ಮಾಡಿದಳು. "ಮಗಳೇ, ಬೆಳಿಗ್ಗೆ ಬರೆದ ನೋಟ್‌ಬುಕ್ ತಗೊಂಡು ಸ್ವಲ್ಪ ಬೇಗ ಬರ್ತೀಯಾ? ಆಟೋ ಹತ್ತಿ ಬಾ."

"ಯಾಕತ್ತೆ? ತಪ್ಪಾಯ್ತಾ?"

"ನೀನು ಬಾ ಕಣೇ. ಗುಂಡಿ ತಿರುಗಿಸೋಕೆ ಒಂದು ಕೈ ಸಾಲ್ತಿಲ್ಲ."

ಕಾಲು ಗಂಟೆಯಲ್ಲಿ ಸೊಸೆ ಬಂದಳು, ಎಡಗಾಲಿನ ಚಪ್ಪಲಿ ಒಂದು ಬಣ್ಣ, ಬಲಗಾಲಿನದು ಇನ್ನೊಂದು. ತಂಪಕ್ಕ ನೋಡಿಯೂ ನೋಡದಂತೆ ಇದ್ದಳು. ತಟ್ಟೆಯ ಮೇಲಿನ ಪೊರೆ ಕಂಡ ಕೂಡಲೇ ಸೊಸೆಯ ಮುಖ ಬಿಳುಚಿತು.

"ಲಸಿಕೆ ಅತ್ತೆ? ಲಸಿಕೆ ಒಳಗಿಟ್ರಾ?"

"ಇಲ್ಲ. ನೀರು ಮಾತ್ರ. ನೀರಿಗೆ ಬೇಜಾರಾಗಿಲ್ಲ, ನೀನೂ ಮಾಡ್ಕೋಬೇಡ. ಕೂತ್ಕೋ."

ಸೊಸೆ ಕೂರಲಿಲ್ಲ. "ನನಗೆ ಗೊತ್ತಿತ್ತು. ಮೈನಸ್ ಬಂದ್ರೆ ನಂಗೆ ಎಲ್ಲಾ ತಲೆಕೆಳಗಾಗತ್ತೆ. ಎರಡು ಸಲ ಫೇಲಾಗಿದ್ದೂ ಇದರಿಂದಲೇ. ನೀವು ಬೇರೆ ಯಾರನ್ನಾದ್ರೂ ಕೇಳ್ಬೇಕಿತ್ತು."

"ಅಳೋದಾದ್ರೆ ನಾಲ್ಕು ಗಂಟೆ ಆದ್ಮೇಲೆ ಅಳು, ನಾನೂ ಜೊತೆಗೆ ಕೂತ್ಕೋತೀನಿ. ಈಗ ಹೊತ್ತಿಲ್ಲ." ತಂಪಕ್ಕ ನೋಟ್‌ಬುಕ್ಕನ್ನು ಸ್ಟೂಲಿನ ಮೇಲೆ ಬಿಡಿಸಿಟ್ಟಳು. "ಮೊದಲು ಒಂದು ಹೇಳು. ಗುಂಡಿ ಎಂಟಲ್ಲಿ ಇತ್ತು. ಆ ತಗಡಿನ ಲೆಕ್ಕದ ಪ್ರಕಾರ ಒಳಗೆ ಎಷ್ಟಿರ್ಬೇಕು?"

"ಎಂಟೆರಡ್ಲ ಹದಿನಾರು. ಹದಿನಾಲ್ಕರಲ್ಲಿ ಹದಿನಾರು ಹೋದ್ರೆ... ಮೈನಸ್ ಎರಡು."

"ಥರ್ಮಾಮೀಟರೂ ಅದನ್ನೇ ಹೇಳ್ತಿದೆ. ಅಂದ್ರೆ ತಗಡು ಸುಳ್ಳು ಹೇಳ್ತಿಲ್ಲ. ಈಗ ಗುಂಡಿ ನಾಲ್ಕಲ್ಲಿ ಇದ್ರೆ?"

"ಹದಿನಾಲ್ಕರಲ್ಲಿ ಎಂಟು ಹೋದ್ರೆ ಆರು."

"ಆರು ಡಿಗ್ರಿ ನಮಗೆ ನಡೆಯತ್ತಾ?"

"ನಡೆಯತ್ತೆ," ಎಂದ ಸೊಸೆ ಕಾರ್ಡಿನ ಕಡೆ ತಿರುಗಿ, "ಆದ್ರೆ ನಾಲ್ಕು ಇಡಬಾರದು ಅಂತ ಬರೆದಿದೀನಲ್ಲ!" ಎಂದಳು.

"ಅದೇ ನೋಡು. ನಾಲ್ಕು ಒಳ್ಳೆಯವನು, ಅವನನ್ನ ನೀನು ಬಾಗಿಲಾಚೆ ನಿಲ್ಸಿದೀಯ. ಎಲ್ಲಿ ಅವನನ್ನ ಆಚೆ ತಳ್ಳಿದ್ದು ಅಂತ ಹುಡುಕೋಣ. ಅವನ ಕೈ ಹಿಡ್ಕೊಂಡು ಒಂದೊಂದೇ ಸಾಲು ಇಳಿದು ಬಾ."

ಸೊಸೆ ಪೆನ್ನು ತೆಗೆದಳು. ಮೊದಲ ಸಾಲಿನಲ್ಲಿ ಗು ಇದ್ದ ಕಡೆ ನಾಲ್ಕು ಇಟ್ಟಳು. "ಎರಡು, ಆರು, ಎಂಟು. ಸರಿಯಿದೆ."

"ಆಮೇಲೆ?"

"ಎರಡನೇ ಸಾಲು. ಮೈನಸ್ ಹನ್ನೆರಡು, ಮೈನಸ್ ಎಂಟು, ಮೈನಸ್ ಆರು." ಸ್ವಲ್ಪ ಯೋಚಿಸಿದಳು. "ಮೈನಸ್ ಹನ್ನೆರಡೇ ಎಲ್ಲಕ್ಕಿಂತ ಕಡಿಮೆ. ಇದೂ ಸರಿಯಿದೆ."

"ಇಲ್ಲೀವರೆಗೂ ನಾಲ್ಕು ಒಳಗೇ ಇದಾನೆ. ಮುಂದೆ?"

"ಆರು, ನಾಲ್ಕು, ಮೂರು. ಆರು ನಾಲ್ಕಕ್ಕಿಂತ ಕಡಿಮೆ..." ಸೊಸೆ ಪೆನ್ನನ್ನು ಆ ಸಾಲಿನ ಮೇಲೆ ಊರಿದಳು. "ಸುಳ್ಳು! ಇಲ್ಲೇ ಬಿದ್ದಿರೋದು ಅತ್ತೆ! ಮೈನಸ್ ಎರಡರಿಂದ ಭಾಗಿಸಿದ ಜಾಗ!" ಹಣೆಗೆ ಹೊಡೆದುಕೊಂಡಳು. "ಮೈನಸ್‌ನಿಂದ ಭಾಗಿಸಿದ್ರೆ ಚಿಹ್ನೆ ತಿರುಗಿಸ್ಬೇಕು. ಬಾಯಿಪಾಠ ಮಾಡಿದೀನಿ, ನೂರು ಸಲ ಮಾಡಿದೀನಿ, ಕೈ ಮಾತ್ರ ಮರೆತುಬಿಡತ್ತೆ!"

"ಯಾಕೆ ತಿರುಗಿಸ್ಬೇಕು?"

"ಯಾಕೆ ಅಂದ್ರೆ... ನಿಯಮ."

"ಯಾಕೆ ಅಂತ ಗೊತ್ತಿಲ್ಲದ್ದನ್ನ ಕೈ ಮರೀದೆ ಇನ್ನೇನು ಮಾಡತ್ತೆ!" ತಂಪಕ್ಕ ಕೋಲ್ಡ್ ರೂಮಿನ ಬಾಗಿಲಿಗೆ ಒರಗಿದಳು. ಈ ವಿಷಯ ಅವಳಿಗೆ ಪುಸ್ತಕದಿಂದ ಬಂದದ್ದಲ್ಲ, ಈ ಬಾಗಿಲಿನಿಂದ ಬಂದದ್ದು. "ಸೊನ್ನೆಗಿಂತ ಕೆಳಗೆ ಹನ್ನೆರಡು ಡಿಗ್ರಿ, ಸೊನ್ನೆಗಿಂತ ಕೆಳಗೆ ಆರು ಡಿಗ್ರಿ. ಯಾವುದರಲ್ಲಿ ಚಳಿ ಜಾಸ್ತಿ?"

"ಹನ್ನೆರಡರಲ್ಲಿ."

"ಸೊನ್ನೆ ಮೇಲೆ ಹನ್ನೆರಡು, ಸೊನ್ನೆ ಮೇಲೆ ಆರು?"

"ಆರರಲ್ಲಿ."

"ಅದೇ ಹನ್ನೆರಡು, ಅದೇ ಆರು. ಮೈನಸ್ ಕಿತ್ತು ಹಾಕಿದ ಕೂಡಲೇ ಮುಂದಿದ್ದೋನು ಹಿಂದಾದ. ಆಚೆ ಟೋಕನ್ ಸಾಲು ನೋಡಿದೀಯಲ್ಲ? ಈ ಕಿಟಕಿ ಮುಚ್ಚಿ ಸಾಲಿನ ಆ ತುದಿಯ ಕಿಟಕಿ ತೆಗೆದ್ರೆ, ಯಾರೂ ಜಾಗ ಬಿಟ್ಟು ಕದಲಲ್ಲ, ಎಲ್ರೂ ನಿಂತಲ್ಲೇ ತಿರುಗ್ತಾರೆ. ಬೆಳಿಗ್ಗೆ ಐದಕ್ಕೆ ಬಂದೋನು ಕೊನೆಯವನಾಗಿ ಬೈತಾನೆ. ಮೈನಸ್ ಅಂದ್ರೆ ಅದೇ, ಕಿಟಕಿ ಬದಲಾಯ್ಸೋದು. ನೀನು ಕಿಟಕಿ ಬದಲಾಯ್ಸಿದೆ, ಸಾಲು ತಿರುಗಿಸೋದು ಮರೆತೆ."

ಸೊಸೆ ಮೂರನೆಯ ಸಾಲನ್ನು ಹೊಡೆದುಹಾಕಿ ಬರೆದಳು:

6 ≥ ಗು ≥ 3

ಯಾರೂ ಹೇಳದೆಯೇ ನಾಲ್ಕನ್ನು ಇಟ್ಟು ನೋಡಿದಳು. ನಿಂತಿತು. ಎಂಟನ್ನು ಇಟ್ಟಳು, ಬಿತ್ತು. ಎರಡನ್ನು ಇಟ್ಟಳು, ಹದಿನಾಲ್ಕರಲ್ಲಿ ನಾಲ್ಕು ಹೋಗಿ ಹತ್ತು ಡಿಗ್ರಿ, ಅದೂ ಬಿತ್ತು. "ಮೂರರಿಂದ ಆರು ಅತ್ತೆ. ಸರಿಯಾಗಿ ನಡುವೆ ಇಟ್ರೆ ನಾಲ್ಕೂವರೆ. ಒಳಗೆ ಐದು ಡಿಗ್ರಿ ಬರತ್ತೆ."

"ತಿರುಗಿಸು."

"ನಾನಾ?"

"ಮತ್ತೆ ಆಟೋ ಹತ್ತಿ ಬಂದಿದ್ದು ಯಾಕೆ?"

ಸೊಸೆ ಎರಡು ಬೆರಳಿನಿಂದ ಗುಂಡಿಯನ್ನು ನಾಲ್ಕಕ್ಕೂ ಐದಕ್ಕೂ ಸರಿಯಾಗಿ ನಡುವೆ ತಂದು ನಿಲ್ಲಿಸಿದಳು. ಹನ್ನೆರಡು ಗಂಟೆ ಹತ್ತು ನಿಮಿಷ.

ಸಹಿ ಸಾಹೇಬರು ವಿಷಯ ತಿಳಿದು ದಡಬಡನೆ ಬಂದರು. ಪೊರೆಗಟ್ಟಿದ ತಟ್ಟೆ ನೋಡಿದರು. ದನಿ ಏರಿಸಿದರು. "ಇದು ಸಣ್ಣ ವಿಷಯ ಅಲ್ಲ! ತಪ್ಪು ಯಾರದು ಅಂತ ಬರೆದಿಡ್ಬೇಕಾಗತ್ತೆ. ಯಾರು ಮಾಡಿದ್ದು ಈ ಲೆಕ್ಕ?"

"ನಾನು," ಎಂದಳು ತಂಪಕ್ಕ.

"ಅಲ್ಲ, ನಾನು," ಎಂದು ಸೊಸೆ ಒಂದು ಹೆಜ್ಜೆ ಮುಂದೆ ಬಂದಳು. ದನಿ ಸಣ್ಣದಿತ್ತು, ಆದರೆ ತಡವರಿಸಲಿಲ್ಲ. "ಭಾಗಿಸುವಾಗ ಚಿಹ್ನೆ ತಿರುಗಿಸೋದು ಮರೆತೆ. ತಪ್ಪು ಎಲ್ಲಿದೆ ಅಂತ ತೋರಿಸ್ತೀನಿ, ನೋಡಿ."

ತಂಪಕ್ಕ ಬಾಗಿಲಿನಿಂದ ಕಾರ್ಡನ್ನು ಮೆಲ್ಲಗೆ ಕಿತ್ತು ಸಾಹೇಬರ ಮುಂದೆ ಹಿಡಿದಳು. "ಬರೆದಿಡಿ ಸಾಹೇಬ್ರೇ, ಖಂಡಿತ ಬರೆದಿಡಿ. ಲೆಕ್ಕ ಮಾಡಿದವಳು ಇವಳು, ತಂದವಳು ನಾನು. ಕೆಳಗೆ ಈ ಸಹಿ ಇದೆಯಲ್ಲ, ಚೆನ್ನಾಗಿದೆ, ಯಾರದು ಅಂತ ಗೊತ್ತಾಗ್ತಿಲ್ಲ. ಅದನ್ನೂ ವಿಚಾರಿಸಿ ಸೇರಿಸ್ಬಿಡಿ."

ಸಾಹೇಬರು ಸಹಿಯನ್ನು ನೋಡಿದರು. ಗುಂಡಿಯನ್ನು ಎಂಟಕ್ಕೆ ತಿರುಗಿಸಿದ ತಮ್ಮ ಬೆರಳನ್ನೂ ನೋಡಿಕೊಂಡರು. ಕೆಮ್ಮಿದರು. "ಒಳಗೆ ಹೋಗಿದ್ದು ನೀರು ತಾನೆ?"

"ನೀರೇ."

"ನೀರಿನ ಬಗ್ಗೆ ಬರೆದಿಡೋಕೆ ನಮ್ಮಲ್ಲಿ ಪುಸ್ತಕ ಇಲ್ಲ." ಕಾರ್ಡನ್ನು ನಾಲ್ಕು ಚೂರು ಮಾಡಿ ಜೇಬಿಗೆ ಹಾಕಿಕೊಂಡು, ಸೊಸೆಗೆ, "ಎಲ್ಲಿ ತೋರಿಸಮ್ಮಾ ಆ ಲೆಕ್ಕ," ಎಂದರು. ಸೊಸೆ ನಾಲ್ಕನ್ನು ಕೈಹಿಡಿದು ಮೂರು ಸಾಲು ಇಳಿಸಿ ತೋರಿಸಿದಳು. ಸಾಹೇಬರು ಐದನ್ನು ತಾವೇ ಇಳಿಸಿ ನೋಡಿದರು. ಖುಷಿಯಾಗಿ ಏಳನ್ನೂ ಇಳಿಸಿದರು, ಅದು ಬಿದ್ದಾಗ, "ಬಿತ್ತು!" ಎಂದು ನಕ್ಕರು.

ಆಮೇಲೆ ಕಾಯುವ ಕೆಲಸ. ಬಾಗಿಲಿನ ಪುಟ್ಟ ಗಾಜಿನಿಂದ ಥರ್ಮಾಮೀಟರ್ ಕಾಣುತ್ತಿತ್ತು. ಒಂದೂವರೆಗೆ ಅದು ಎರಡಕ್ಕೆ ಏರಿತು. ತಟ್ಟೆಯ ಪೊರೆ ಅಂಚಿನಿಂದ ಬಿಡುತ್ತ ಬಂತು. ಎರಡೂವರೆಗೆ ನಾಲ್ಕು. ಅತ್ತೆ ಸೊಸೆ ಒಂದೇ ಡಬ್ಬಿಯಿಂದ ಊಟ ಹಂಚಿಕೊಂಡರು. ಸೊಸೆ ಹತ್ತು ನಿಮಿಷಕ್ಕೊಮ್ಮೆ ಗಾಜಿಗೆ ಮೂಗು ಒತ್ತಿ ಬರುತ್ತಿದ್ದಳು.

"ಐದರಲ್ಲಿ ನಿಲ್ಲದೆ ಹಾಗೇ ಏರ್ತಾ ಹೋದ್ರೆ ಅತ್ತೆ?"

"ಲೆಕ್ಕ ಏನನ್ನತ್ತೆ?"

"ನಿಲ್ಲತ್ತೆ ಅನ್ನತ್ತೆ."

"ಮತ್ತೆ ನನ್ನನ್ಯಾಕೆ ಕೇಳ್ತೀಯ?"

ಮೂರು ಗಂಟೆ ಹತ್ತು ನಿಮಿಷಕ್ಕೆ ಐದು. ಮೂರು ಇಪ್ಪತ್ತಕ್ಕೂ ಐದು. ಮೂರೂವರೆಗೂ ಐದೇ. ತಂಪಕ್ಕ ಬಾಗಿಲು ತೆಗೆದು ಅಂಗೈ ಚಾಚಿದಳು. ಕಣ್ಣು ಮುಚ್ಚಿ, "ಐದು," ಎಂದಳು. ಆ ಒಂದು ಮಾತಿಗೆ ಸಾಹೇಬರು ಕರವಸ್ತ್ರ ತೆಗೆದು ಮುಖ, ಕುತ್ತಿಗೆ, ಕನ್ನಡಕ ಎಲ್ಲವನ್ನೂ ಒರೆಸಿಕೊಂಡರು.

ಪೆಟ್ಟಿಗೆಗಳು ಕೈಯಿಂದ ಕೈಗೆ ಒಳಗೆ ಹೋದವು. ಸಾಹೇಬರು ತೋಳು ಮಡಿಸಿ ತಾವೂ ಎರಡು ಹೊತ್ತರು. ಕೊನೆಯ ಪೆಟ್ಟಿಗೆ ಕಪಾಟು ಸೇರಿದಾಗ ನಾಲ್ಕಕ್ಕೆ ಇನ್ನೂ ಏಳು ನಿಮಿಷ ಇತ್ತು. ಪೆಟ್ಟಿಗೆಗಳ ಐಸ್ ಪ್ಯಾಕ್ ಮುಟ್ಟಿ ನೋಡಿದಳು ತಂಪಕ್ಕ. ನಡುವೆ ಇನ್ನೂ ಒಂದಿಷ್ಟು ಗಟ್ಟಿ ಉಳಿದಿತ್ತು.

ಸೊಸೆ ಹೊಸ ಕಾರ್ಡ್ ಬರೆದಳು: "ಗುಂಡಿ 3ರಿಂದ 6ರ ಒಳಗೆ ಇರಬೇಕು. ಅಂಕಿ ಹೆಚ್ಚಿದಷ್ಟೂ ಚಳಿ ಹೆಚ್ಚು." ಸಾಹೇಬರು ಪೆನ್ನು ತೆಗೆದು, ತಡೆದು, ಕಾರ್ಡನ್ನು ಎರಡು ಸಲ ಓದಿ, ಬೆರಳು ಮಡಿಸಿ ಏನೋ ಗುಣಿಸಿ, ಆಮೇಲೆ ಸಹಿ ಹಾಕಿದರು. ಅವರು ಸಹಿಗೆ ಮುಂಚೆ ಓದಿದ್ದನ್ನು ತಂಪಕ್ಕ ಆ ದಿನವೇ ಮೊದಲು ಕಂಡದ್ದು.

ಹೊರಗೆ ಬಸ್ ನಿಲ್ದಾಣದ ಬೆಂಚಿನ ಮೇಲೆ ಇಬ್ಬರೂ ಕೂತರು. ಬಿಸಿಲು ಇಳಿದಿತ್ತು. ತಂಪಕ್ಕ ಚೀಲದಿಂದ ಕೋಲ್ಡ್ ರೂಮಿನ ನೀರಿನ ಬಾಟಲಿ ತೆಗೆದು ಸೊಸೆಗೆ ಕೊಟ್ಟಳು. "ಕುಡಿ. ಐದು ಡಿಗ್ರಿ."

ಸೊಸೆ ಗಟಗಟನೆ ಅರ್ಧ ಕುಡಿದು ಬಾಯಿ ಒರೆಸಿಕೊಂಡಳು. "ಆರು ಮೂರಕ್ಕಿಂತ ಕಡಿಮೆ ಅಂತ ಬರೆದಾಗಲೇ ನಂಗೆ ಎಚ್ಚರ ಆಗ್ಬೇಕಿತ್ತು ಅತ್ತೆ."

"ಹಾಲು ಉಕ್ಕಿತ್ತಲ್ಲ. ಪರೀಕ್ಷೆ ಕೋಣೇಲಿ ಒಲೆ ಇರಲ್ಲ. ಕಾಲುಚೀಲ ಕೇಳೋನೂ ಇರಲ್ಲ."

ಸೊಸೆ ಜೋರಾಗಿ ನಕ್ಕಳು. ನಗುತ್ತ ಕೆಳಗೆ ನೋಡಿದವಳು ತನ್ನ ಕಾಲು ಕಂಡು ಬೆಚ್ಚಿದಳು. "ಅಯ್ಯೋ! ಇದನ್ನ ಹಾಕ್ಕೊಂಡೇ ಇಡೀ ದಿನ ಓಡಾಡಿದ್ನಾ? ನೀವು ಹೇಳ್ಲೇ ಇಲ್ವಲ್ಲ!"

"ಹೇಳಿದ್ರೆ ಅದಕ್ಕೂ ಅಳ್ತಿದ್ದೆ," ಎಂದಳು ತಂಪಕ್ಕ. "ಬಸ್ ಬಂತು, ಏಳು."

ಬಸ್ಸಿನಲ್ಲಿ ಕಿಟಕಿಯ ಪಕ್ಕ ಸೀಟು ಸಿಕ್ಕಿತು. ಸೊಸೆ ನೋಟ್‌ಬುಕ್ ಬಿಡಿಸಿ, ಭಾನುವಾರದ ಪರೀಕ್ಷೆಗೆಂದು ಗುರುತು ಹಾಕಿಟ್ಟಿದ್ದ ಲೆಕ್ಕವೊಂದನ್ನು ತೊಡೆಯ ಮೇಲಿಟ್ಟುಕೊಂಡು ಮಾಡತೊಡಗಿದಳು. ಬಸ್ಸಿನ ಕುಲುಕಿಗೆ ಅಕ್ಷರ ಸೊಟ್ಟಗಾಗುತ್ತಿತ್ತು. ಮೈನಸ್ ಬಂದ ಕಡೆ ಪೆನ್ನು ಒಂದು ಗಳಿಗೆ ನಿಂತಿತು, ಚಿಹ್ನೆ ತಿರುಗಿತು, ಮುಂದೆ ಹೋಯಿತು. ಕೊನೆಯಲ್ಲಿ ಅಂಚಿನಲ್ಲಿ ಸಣ್ಣದಾಗಿ ಒಂದು ಅಂಕಿ ಬರೆದು, ಅದನ್ನು ಮೇಲಿನ ಸಾಲಿನಿಂದ ಒಂದೊಂದಾಗಿ ಕೆಳಗಿಳಿಸಿ ನೋಡಿದಳು.

"ನಿಂತ್ನಾ?" ಎಂದಳು ತಂಪಕ್ಕ, ಕಣ್ಣು ಮುಚ್ಚಿಕೊಂಡೇ.

"ನಿಂತ ಅತ್ತೆ," ಎಂದಳು ಸೊಸೆ.

ತಂಪಕ್ಕ ತಲೆಯನ್ನು ಸೀಟಿಗೆ ಆನಿಸಿ, ಇಳಿಯುವ ಸ್ಟಾಪ್ ಬರುವವರೆಗೂ ಹಾಯಾಗಿ ನಿದ್ದೆ ಮಾಡಿದಳು.